ನಂಜನಗೂಡು ದೊಡ್ಡ ಜಾತ್ರೆಗೆ ಮೊದಲು ಸ್ನಾನಘಟ್ಟದ ಬಟ್ಟೆ ವಿಷಯ, ದಯವಿಟ್ಟು ಎಲ್ಲರೂ ಓದಿ

ಅಡ್ಮಿನ್: ಎಲ್ಲರಿಗೂ ನಮಸ್ಕಾರ. ಜಾತ್ರೆ ಹತ್ತಿರ ಬಂತು. ಬೆಳಿಗ್ಗೆ ಕಪಿಲೆ (ಕಬಿನಿ) ಹೊಳೆ ಕಡೆ ವಾಕಿಂಗ್ ಹೋಗುವವರಿಗೆ ನಾನು ಹೊಸದಾಗಿ ಹೇಳಬೇಕಾದ್ದಿಲ್ಲ. ಮೆಟ್ಟಿಲ ಮೇಲೆ ಸೀರೆ, ನೀರಿನಲ್ಲಿ ಪ್ಯಾಂಟು, ಗಿಡಕ್ಕೆ ಸುತ್ತಿಕೊಂಡ ಲುಂಗಿ. ಬೇಸಿಗೆಯಲ್ಲಿ ಹರಿವು ಕಡಿಮೆ, ಹಾಗಾಗಿ ಹಾಕಿದ್ದು ಹಾಕಿದ ಕಡೆಯೇ ಮರಳಿನಲ್ಲಿ ಹೂತುಕೊಳ್ಳುತ್ತದೆ. ಮಳೆಗಾಲದಲ್ಲಿ ಬೀಚನಹಳ್ಳಿ ಡ್ಯಾಂನಿಂದ ಜಾಸ್ತಿ ನೀರು ಬಿಟ್ಟು ಹದಿನಾರು ಕಾಲು ಮಂಟಪ ಮುಳುಗಿದಾಗ ಎಲ್ಲ ಕ್ಲೀನ್ ಆಯಿತು ಅಂದುಕೊಳ್ಳುತ್ತೇವೆ, ಆದರೆ ಆ ಬಟ್ಟೆಯೆಲ್ಲ ಹೊಳೆಯ ಕೆಳಗಿನ ತಿ. ನರಸೀಪುರದ ಕಡೆ ಹೋಗಿರುತ್ತದೆ ಅಷ್ಟೇ.

ನಾವು ಪ್ರತಿ ಸಲ ಮಾಡುವುದು ಜಾತ್ರೆ ಮುಗಿದ ಮೇಲೆ ಒಂದು ದಿನ ಇಳಿದು ಎಳೆಯುವುದು. ನೆನೆದು ಮಣ್ಣು ತುಂಬಿದ ಸೀರೆ ಎಳೆದವರಿಗೆ ಗೊತ್ತು ಅದರ ತೂಕ. ಈ ಸಲ ನೀರಿಗೆ ಬೀಳುವ ಮೊದಲೇ ಬಟ್ಟೆ ಹಿಡಿಯೋಣ. ಏನಂತೀರಿ?

ಮೂಲೆ ಮನೆ: ಸರ್, ಇದು ನಮ್ಮ ಕೆಲಸನಾ? ತೆರಿಗೆ ಯಾಕೆ ಕಟ್ಟುವುದು ಮತ್ತೆ?

3ನೇ ಅಡ್ಡರಸ್ತೆ ಅಜ್ಜ: ಕೆಲಸ ಯಾರದ್ದು ಅಂತ ಆಮೇಲೆ ಜಗಳ ಆಡೋಣ. ಭಕ್ತರ ಮೇಲೆ ಕೂಗಾಡುವುದು ಮಾತ್ರ ಬೇಡ. ಇಲ್ಲಿಗೆ ಬರುವವರಲ್ಲಿ ಕಾಯಿಲೆ ವಾಸಿಯಾಗಲಿ ಅಂತ ಹರಕೆ ಹೊತ್ತವರೇ ಎಷ್ಟೋ ಜನ. ಟಿಪ್ಪು ತನ್ನ ಆನೆಯ ಕಣ್ಣು ವಾಸಿಯಾಯಿತೆಂದು ಪಚ್ಚೆ ಲಿಂಗ ಕೊಟ್ಟು ಹಕೀಂ (ವೈದ್ಯ) ನಂಜುಂಡ ಅಂತ ಕರೆದ ಎನ್ನುವ ಕಥೆ ಇಂದಿಗೂ ಎಲ್ಲರ ಬಾಯಲ್ಲಿದೆ. ಅಂಥ ಜಾಗ. ಮೈಮೇಲಿನ ಬಟ್ಟೆ ಬಿಟ್ಟರೆ ರೋಗವೂ ದೋಷವೂ ಅದರ ಜೊತೆ ಹೋಗುತ್ತದೆ ಅಂತ ಯಾರೋ ಹೇಳಿರುತ್ತಾರೆ. ಭಯದಲ್ಲಿ ಬಂದವರ ಹತ್ತಿರ ರೂಲ್ಸ್ ಮಾತಾಡಿದರೆ ಕೇಳುತ್ತಾರಾ?

ಟೀಚರಮ್ಮ: ಅಜ್ಜ ಹೇಳಿದ್ದು ಸರಿ. ಆದರೆ ಅವರು ಬಿಡಬೇಕು ಅಂದುಕೊಂಡಿರುವುದು ಬಟ್ಟೆಯನ್ನು, ಹೊಳೆಯಲ್ಲೇ ಬಿಡಬೇಕು ಅಂತ ಹಟ ಏನಿಲ್ಲ. ಬುಟ್ಟಿ ಕಾಣದಿದ್ದರೆ ಹೊಳೆ ಕಾಣುತ್ತದೆ. ನಾನು ನೋಡಿದ ಹಾಗೆ ಮುಡಿ ಕೊಟ್ಟು ಬಂದವರು ಕೂದಲು ಮೆತ್ತಿದ ಬಟ್ಟೆಯಲ್ಲೇ ನೀರಿಗೆ ಇಳಿಯುತ್ತಾರೆ, ಮುಳುಗಿ ಎದ್ದು ಅಲ್ಲೇ ಬಿಚ್ಚುತ್ತಾರೆ. ಉರುಳು ಸೇವೆಯವರು ಬೇರೆ. ಒದ್ದೆ ಬಟ್ಟೆಯಲ್ಲೇ ದೇವಸ್ಥಾನಕ್ಕೆ ಹೋಗುತ್ತಾರೆ, ಸೇವೆ ಮುಗಿಸಿ ವಾಪಸ್ ಬಂದು ಬದಲಿಸುತ್ತಾರೆ. ಅಂದರೆ ಎರಡು ಕಡೆ ಬೇಕು. ನೀರಿನ ಕೊನೆ ಮೆಟ್ಟಿಲ ಹತ್ತಿರ ಒಂದು, ಹೆಂಗಸರು ಬಟ್ಟೆ ಬದಲಿಸುವ ಕೋಣೆ ಬಾಗಿಲಲ್ಲಿ ಒಂದು. ಮೇಲೆ ರಸ್ತೆಯಲ್ಲಿ ಇಟ್ಟರೆ ಯಾರೂ ಒದ್ದೆ ಬಟ್ಟೆ ಹೊತ್ತುಕೊಂಡು ಅಲ್ಲಿಯವರೆಗೆ ಬರುವುದಿಲ್ಲ.

ಅಡ್ಮಿನ್: ಇದು ಸರಿಯಾದ ಮಾತು. ಹೋದ ವರ್ಷದ ಡ್ರಮ್ ಖಾಲಿ ನಿಂತಿದ್ದು ಅದಕ್ಕೇ ಇರಬೇಕು.

ಅಂಗಡಿ ಅಣ್ಣ: ಬಟ್ಟೆ ಆಯಿತು, ಸೋಪು ಶಾಂಪೂ ಬಗ್ಗೆಯೂ ಇಲ್ಲೇ ಮಾತಾಡಿಬಿಡಿ. ಆಮೇಲೆ ನನ್ನ ಅಂಗಡಿ ಮುಂದೆ ಬಂದು ವಿಡಿಯೋ ಮಾಡಬೇಡಿ.

ಟೀಚರಮ್ಮ: ಮಾತಾಡೋಣ ಅಣ್ಣ. 2025ರ ಮಾರ್ಚ್‌ನಲ್ಲೇ ಅರಣ್ಯ ಸಚಿವ ಈಶ್ವರ ಖಂಡ್ರೆ ಅವರು ಸೂಚನೆ ಕೊಟ್ಟಿದ್ದಾರೆ. ತೀರ್ಥಕ್ಷೇತ್ರಗಳಲ್ಲಿ ನದಿ ದಡದಿಂದ 500 ಮೀಟರ್ ಒಳಗೆ ಸೋಪು, ಶಾಂಪೂ ಮಾರಬಾರದು, ಭಕ್ತರು ನೀರಿನಲ್ಲಿ ಬಟ್ಟೆ ಬಿಡದ ಹಾಗೆ ನೋಡಿಕೊಳ್ಳಬೇಕು ಅಂತ.

ಅಂಗಡಿ ಅಣ್ಣ: ಗೊತ್ತು. ನಾನು ಸ್ಯಾಶೆ ತೆಗೆದರೆ ಪಕ್ಕದವನು ಎರಡು ಸರ ನೇತುಹಾಕುತ್ತಾನೆ. ಎಲ್ಲ ಅಂಗಡಿಯವರನ್ನೂ ಒಂದೇ ದಿನ ಕೂರಿಸಿ ಮಾತಾಡಿ, ಮೊದಲು ನಾನೇ ತೆಗೆಯುತ್ತೇನೆ. ಒಬ್ಬನೇ ಮಾಡುವುದಿಲ್ಲ.

ಮೂಲೆ ಮನೆ: ಸೀಗೆಕಾಯಿ ಮಾರಿ 😄

ಅಂಗಡಿ ಅಣ್ಣ: ನೀವು ತಗೊಳ್ತೀರಾ?

ಬೆಂಗಳೂರಲ್ಲಿರುವ ನಂಜನಗೂಡಿನವ: ದೂರದಲ್ಲಿದ್ದುಕೊಂಡು ಸಲಹೆ ಕೊಡುತ್ತೇನೆ ಅಂತ ಬೈಯಬೇಡಿ. ಕಪಿಲೆ ತಿ. ನರಸೀಪುರದಲ್ಲಿ ಕಾವೇರಿಗೆ ಸೇರುತ್ತದೆ, ಅಲ್ಲಿಂದ ಮುಂದೆ ತೊರೆಕಾಡನಹಳ್ಳಿಯಲ್ಲಿ ಪಂಪ್ ಮಾಡಿದ ನೀರೇ ನಮ್ಮ ನಲ್ಲಿಗೆ ಬರುವುದು. ಸೋಮವಾರ, ಹುಣ್ಣಿಮೆಗೆ ಕಾರು ಮಾಡಿಕೊಂಡು ಬಂದು ಶಾಂಪೂ ಹಾಕುವವರಲ್ಲಿ ನಮ್ಮ ಬೆಂಗಳೂರಿನವರೂ ಇದ್ದಾರೆ. ಬೋರ್ಡಿನಲ್ಲಿ ಇದನ್ನೇ ಬರೆಸಿ, 'ಈ ನೀರು ನಿಮ್ಮ ಮನೆಗೂ ಬರುತ್ತದೆ' ಅಂತ. ಬೋರ್ಡಿನ ಖರ್ಚು ನನ್ನದು.

3ನೇ ಅಡ್ಡರಸ್ತೆ ಅಜ್ಜ: ಬೋರ್ಡು ಕನ್ನಡದ ಜೊತೆ ತಮಿಳು, ಮಲಯಾಳಂನಲ್ಲೂ ಇರಲಿ. ಗಡಿ ದಾಟಿ ಬರುವವರೂ ಇದ್ದಾರೆ.

ಮೂಲೆ ಮನೆ: ಸರಿ, ಬಟ್ಟೆ ಬುಟ್ಟಿಗೆ ಬಂತು ಅನ್ನಿ. ಆಮೇಲೆ? ರಸ್ತೆ ಪಕ್ಕ ಗುಡ್ಡೆ ಹಾಕಿ ಬೆಂಕಿ ಇಡುವುದಾದರೆ ನಾನು ಬರುವುದಿಲ್ಲ. ಪಾಲಿಯೆಸ್ಟರ್ ಹೊಗೆ ನಮ್ಮ ಮನೆಗೇ ಬರುವುದು, ಅಮ್ಮನಿಗೆ ಉಬ್ಬಸ ಇದೆ.

ಅಡ್ಮಿನ್: ಬೆಂಕಿ ಇಲ್ಲ, ಅದು ಖಂಡಿತ. ಹತ್ತಿಯದ್ದು ಒಣಗಿಸಿ ಗ್ಯಾರೇಜಿನವರಿಗೆ ಕೊಡೋಣ, ಎಣ್ಣೆ ಒರೆಸಲು ಅವರಿಗೆ ಬೇಕು. ಉಳಿದದ್ದು ಚೀಲದಲ್ಲಿ ಕಟ್ಟಿ ಒಣ ಕಸದ ಗಾಡಿಗೆ. ಚೆನ್ನಾಗಿರುವ ಸೀರೆಗಳನ್ನು ಆರಿಸಿ ಮಾರುವವರು ಬರುತ್ತಾರೆ, ಅವರನ್ನು ತಡೆಯುವುದು ಬೇಡ ಅನ್ನುವುದು ನನ್ನ ಅಭಿಪ್ರಾಯ. ನೀರಿಗಿಂತ ಯಾರದೋ ಮೈಮೇಲೆ ಇರುವುದು ವಾಸಿ.

ಟೀಚರಮ್ಮ: ಮುಡಿ ತೆಗೆಯುವವರ ಹತ್ತಿರ ನಾನು ಮಾತಾಡುತ್ತೇನೆ. ಭಕ್ತರು ಅವರ ಮುಂದೆ ಸುಮ್ನೆ ಕೂತಿರುತ್ತಾರೆ, 'ಸ್ನಾನ ಆದ ಮೇಲೆ ಬಟ್ಟೆ ಬುಟ್ಟಿಗೆ ಹಾಕಿ ಸ್ವಾಮಿ' ಅಂತ ಅವರು ಒಂದು ಮಾತು ಹೇಳಿದರೆ ಸಾಕು. ನಮ್ಮ ಹತ್ತು ಬೋರ್ಡಿಗಿಂತ ಅದು ಹೆಚ್ಚು.

3ನೇ ಅಡ್ಡರಸ್ತೆ ಅಜ್ಜ: ಅರ್ಚಕರೂ ಹೇಳಬೇಕು. ದೇವಸ್ಥಾನದ ಮೈಕಿನಲ್ಲಿ ಬಂದರೆ ಅದರ ತೂಕವೇ ಬೇರೆ. ಮನವಿ ಪತ್ರ ನಾನು ಬರೆಯುತ್ತೇನೆ, ಕೈಬರಹ ಅರ್ಥವಾಗುತ್ತದೆ ಅನ್ನುವುದಾದರೆ.

ಅಡ್ಮಿನ್: ಟೈಪ್ ಮಾಡಿಕೊಡುತ್ತೇವೆ ಅಜ್ಜ. ಅನುಮತಿ ಪತ್ರ ಎರಡು ಪ್ರತಿ ಇರಲಿ, ಸ್ವೀಕೃತಿ ಸೀಲ್ ಹಾಕಿಸಿಕೊಂಡೇ ಬರೋಣ. ಪಂಚ ಮಹಾರಥೋತ್ಸವದ ದಿನ ಮಾತ್ರ ಘಟ್ಟದಲ್ಲಿ ನಿಲ್ಲಲು ಎರಡು ಪಾಳಿ ಬೇಕು. ಐದೂ ತೇರು ಎಳೆಯುವ ಹೊತ್ತಿಗೆ ಎಲ್ಲರೂ ರಥಬೀದಿಗೆ ಓಡುತ್ತೀರಿ ಅಂತ ಗೊತ್ತು, ಆದ್ದರಿಂದ ಮೊದಲ ಪಾಳಿ ನಸುಕಿನಲ್ಲೇ ಶುರು, ಎರಡನೆಯದು ತೇರು ಮುಗಿದ ಮೇಲೆ. ಹೆಸರು ಕೆಳಗೆ ಹಾಕಿ.

ಮೂಲೆ ಮನೆ: ನಸುಕಿನ ಪಾಳಿಗೆ ನಾನು. ಬುಟ್ಟಿಗೆ ಕೆಳಗೆ ತೂತು ಮಾಡಿಸಿ, ಇಲ್ಲದಿದ್ದರೆ ನೀರು ನಿಂತು ಎತ್ತುವುದಕ್ಕೇ ಆಗುವುದಿಲ್ಲ.

ಅಂಗಡಿ ಅಣ್ಣ: ತೂತು ಕೊರೆಯುವ ಮೆಷಿನ್ ನಮ್ಮ ಅಂಗಡಿಯಲ್ಲಿದೆ. ಬುಟ್ಟಿ ಇವತ್ತು ಸಂಜೆ ತಂದುಬಿಡಿ, ನಾಳೆ ಸೋಮವಾರ, ನನಗೆ ತಲೆ ಎತ್ತಲು ಪುರುಸೊತ್ತು ಇರುವುದಿಲ್ಲ.