ಮೈಕೇಲನ ಶೂರಿಟಿ ಸಾಲ

ಭಾನುವಾರ ಸಂಜೆ ಮೇಷ್ಟ್ರ ಜಗಲಿ ಮೇಲೆ ನಾವು ಮೂವರು. ಅವರ ಕೈಲಿ ಇಂಗ್ಲಿಷ್ ಕವಿ ವರ್ಡ್ಸ್‌ವರ್ತ್ 1800ರಲ್ಲಿ ಬರೆದ ಕವಿತೆ ‘ಮೈಕೇಲ್’, ಇಂಗ್ಲೆಂಡಿನ ಗ್ರಾಸ್‌ಮಿಯರ್ ಕಣಿವೆಯ ಮುದಿ ಕುರಿಗಾರನ ಕಥೆ. ಪಕ್ಕದಲ್ಲಿ ನಮ್ಮ ನಿವೃತ್ತ ಬ್ಯಾಂಕ್ ಮ್ಯಾನೇಜರು. ಕವಿತೆ ಅಂದ್ರೆ ಆಕಳಿಸೋ ಪ್ರಾಣಿ.

“ಮೈಕೇಲ್ ಒಡಹುಟ್ಟಿದವನ ಮಗನಿಗೆ ಜಾಮೀನು ನಿಂತಿದ್ದ. ಆಸ್ತೀಲಿ ಹೆಚ್ಚೂಕಡಿಮೆ ಅರ್ಧಕ್ಕೆ ಕುತ್ತು ಬಂತು” ಅಂದರು ಮೇಷ್ಟ್ರು.

ಮ್ಯಾನೇಜರು ನೆಟ್ಟಗೆ ಕೂತ. “ಶೂರಿಟಿ ಕೇಸು! ಒಂದು ತುಂಡು ಜಮೀನು ಮಾರಿ ತೀರಿಸೋದು ತಾನೆ?”

“ಮನಸ್ಸು ಬರ್ಲಿಲ್ಲ. ಒಬ್ಬನೇ ಮಗ ಲ್ಯೂಕ್‌ನ ಪಟ್ಟಣದ ವ್ಯಾಪಾರಿ ನೆಂಟನ ಹತ್ರ ದುಡಿಯೋಕೆ ಕಳಿಸಿದ. ಹುಡುಗ ಹದಿನೆಂಟರವನು, ಅಪ್ಪನಿಗೆ 84.”

“ಅರವತ್ತು ದಾಟಿದ ಮೇಲೆ ಮಗನೇ! ನಾನಾಗಿದ್ರೆ ಅರ್ಜೀನೇ ತಗೋತಿರ್ಲಿಲ್ಲ.”

ನನಗೆ ಹಿಡಿಸಿದ್ದು ತಾಯಿ ಇಸಬೆಲ್. ‘ನೀನು ಹೋದ್ರೆ ಅಪ್ಪ ಉಳಿಯಲ್ಲ’ ಅಂತ ಮಗನ ಹತ್ರ ಅತ್ತವಳು, ನೆಂಟನ ಕಾಗದ ಬಂದದ್ದೇ ತಡ ಅಕ್ಕಪಕ್ಕದವರಿಗೆಲ್ಲ ತೋರಿಸಿ ಬಂದಳು. ನನ್ನ ಮೊದಲ ಆಫರ್ ಲೆಟರ್ ಹಾಲಿನವನೂ ಓದಿದ್ದ. ನಮ್ಮಮ್ಮ ಬೇರೆ ದೇಶದಲ್ಲಿ ಹುಟ್ಟಿದ್ದರೆ ಇಸಬೆಲ್ಲೇ.

“ಹುಡುಗ ಕೆಟ್ಟ ತಾನೆ?” ಮ್ಯಾನೇಜರು.

“ಕೆಟ್ಟ. ಕಡಲಾಚೆ ಓಡಿಹೋದ. ಇಡೀ ಪತನಕ್ಕೆ ಕವಿ ಕೊಟ್ಟದ್ದು ಐದಾರು ಸಾಲು. ನಮ್ಮ ಸೀರಿಯಲ್‌ನೋರಾಗಿದ್ರೆ ಆರು ತಿಂಗಳು ಎಳೀತಿದ್ರು. ಅಪ್ಪ ಮಗನಿಗೆ ಮಾಡಿಕೊಟ್ಟ ಕುರಿ ಕಾಯೋ ಕೋಲು, ರಾತ್ರಿ ಉರಿಯೋ ಹಳೇ ದೀಪ, ಇಸಬೆಲ್‌ಳ ಎರಡು ರಾಟೆ ಮಾತ್ರ ಸಾವಕಾಶವಾಗಿ ಬರ್ತವೆ. ಇದನ್ನೆಲ್ಲ ಮೊದಲೇ ನೋಡಿರ್ತೀವಲ್ಲ, ಆಮೇಲೆ ಐದಾರು ಸಾಲೇ ಸಾಕು.”

“ಹೊರಡೋ ಮುಂಚೆ ತೊರೆ ಪಕ್ಕ ಕುರಿದೊಡ್ಡಿಗೆ ಮಗನ ಕೈಲಿ ಮೊದಲ ಕಲ್ಲು ಇಡಿಸ್ತಾನಲ್ಲ ಮೇಷ್ಟ್ರೇ,” ಅಂದೆ. “ಆಮೇಲೆ ಮುದುಕ ಒಂದು ಕಲ್ಲನ್ನೂ ಎತ್ತಲೇ ಇಲ್ಲ.”

“ಅಲ್ಲೇ ಎಲ್ಲರೂ ಎಡವೋದು! ಎಷ್ಟೋ ದಿನ ಹೋಗಿ ಒಂದು ಕಲ್ಲೂ ಎತ್ತದೆ ಬಂದ ಅನ್ನೋದು ಊರೋರ ನಂಬಿಕೆ. ಮುಂದಿನ ಸಾಲು ಓದು. ಏಳು ವರ್ಷ ಆಗಾಗ ಕಟ್ತಾನೇ ಇದ್ದ, ಮುಗಿಯೋ ಮುಂಚೆ ಸತ್ತ. ಕೈಬಿಟ್ಟಿದ್ರೆ ಬರೀ ಗೋಳಿನ ಕಥೆ ಆಗ್ತಿತ್ತು.”

ಯಾರೂ ಮಾತಾಡಲಿಲ್ಲ. ಮ್ಯಾನೇಜರು ಆಕಳಿಸಲೂ ಇಲ್ಲ.

“ಜಮೀನು?”

“ಇಸಬೆಲ್ ಇನ್ನೂ ಮೂರು ವರ್ಷವೋ ಸ್ವಲ್ಪ ಹೆಚ್ಚೋ ಬದುಕಿದ್ಲು. ಆಮೇಲೆ ಮಾರಾಟ, ಪರರ ಪಾಲು. ಉಳಿದದ್ದು ಬಾಗಿಲ ಹತ್ರದ ಓಕ್ ಮರ, ಆ ಕಲ್ಲಿನ ರಾಶಿ.”

“ಅಲ್ಲಾ ಮೇಷ್ಟ್ರೇ, ಸಾಲ ತೀರಿತೋ ಇಲ್ವೋ?”

“ಕವಿ ಹೇಳಿಲ್ಲ.”

“ಕುರಿ, ಮರ, ದೀಪ ಎಲ್ಲ ಬರೆದಿದ್ದಾನೆ. ಬ್ಯಾಲೆನ್ಸ್ ಮಾತ್ರ ಇಲ್ಲ!” ಅಂತ ಗೊಣಗಿದ ಮ್ಯಾನೇಜರು, “ಎಲ್ಲಿ, ಆ ಪುಸ್ತಕ ಕೊಡಿ ಇಲ್ಲಿ” ಅಂದ.