ಜಪಾನಿ ಛತ್ರಿ ಪೈನ್: ಸೂಜಿಗಳು ಹಳದಿ, ಬೆಳವಣಿಗೆ ನಿಂತಂತಿದೆ (ಮಧ್ಯ ನ್ಯೂಜೆರ್ಸಿ)

ಹಿತ್ತಲಮನೆ
ಮರ 4 ಅಡಿ ಎತ್ತರ, ಬುಡದಲ್ಲಿ ಕಾಂಡ ಒಂದೂವರೆ ಇಂಚು ದಪ್ಪ. ಹೋದ ವರ್ಷ ಏಪ್ರಿಲ್‌ನಲ್ಲಿ, ಬೇರಿನ ಉಂಡೆಗೆ ಗೋಣಿ ಸುತ್ತಿದ್ದನ್ನು ನರ್ಸರಿಯವರೇ ತಂದು ನೆಟ್ಟರು. ಮನೆಯ ಮುಂಭಾಗ, ಪಶ್ಚಿಮ ದಿಕ್ಕು, ಇಟ್ಟಿಗೆ ಗೋಡೆಯಿಂದ 3 ಅಡಿ ದೂರ, ಸುತ್ತ ಹುಲ್ಲುಹಾಸು. ಜುಲೈನಿಂದ ಸೂಜಿಗಳು ಹಳದಿಗೆ ತಿರುಗುತ್ತಿವೆ. ಈ ವರ್ಷ ತುದಿ ಬೆಳೆದದ್ದು ಒಂದೂವರೆ ಇಂಚು ಅಷ್ಟೆ. ಹುಲ್ಲಿಗೆ ಬಿಡುವ ಸ್ಪ್ರಿಂಕ್ಲರ್ ದಿನಾ ಬೆಳಿಗ್ಗೆ 10 ನಿಮಿಷ ಇದಕ್ಕೂ ಬೀಳುತ್ತದೆ. ಗೊಬ್ಬರ ಹಾಕಿಲ್ಲ. ಏನು ಕೊಡಬೇಕು?

ಸೂಜಿಮರ
ಕೊಡುವ ಮಾತು ಆಮೇಲೆ. ಮೊದಲು ಮರ ಯಾವುದೆಂದು ಖಚಿತ ಮಾಡಿಕೊಳ್ಳಿ, ಛತ್ರಿ ಪೈನ್ ಅನ್ನುವ ಹೆಸರಿನಲ್ಲಿ ಮೂರು ಬೇರೆ ಬೇರೆ ಮರಗಳು ಮಾರಾಟವಾಗುತ್ತವೆ. ಸೂಜಿ ದಪ್ಪಗೆ, ಹೊಳಪಾಗಿ, 3ರಿಂದ 5 ಇಂಚು ಉದ್ದವಿದ್ದು, ಇಪ್ಪತ್ತು ಮೂವತ್ತು ಒಂದೇ ಕಡೆಯಿಂದ ಛತ್ರಿಯ ಕಡ್ಡಿಗಳ ಹಾಗೆ ಹರಡಿದ್ದರೆ ಅದು ಸಯಾಡೊಪಿಟಿಸ್ ವರ್ಟಿಸಿಲಾಟಾ, ಜಪಾನಿನವರು ಕೋಯಾಮಾಕಿ ಅನ್ನುವುದು. ಸೂಜಿ ಎರಡೆರಡು ಜೋಡಿಯಾಗಿ, ಬುಡದಿಂದಲೇ ಹಲವು ಕಾಂಡ ಎದ್ದು ನೆತ್ತಿ ಚಪ್ಪಟೆಯಾಗಿದ್ದರೆ ಅದು ಟನ್ಯೋಶೋ, ಜಪಾನಿ ಕೆಂಪು ಪೈನಿನ ಒಂದು ತಳಿ. ಅದಕ್ಕೆ ಪೂರ್ತಿ ಬಿಸಿಲು ಬೇಕು, ಬರುವ ರೋಗಗಳೂ ಬೇರೆ. ಮೂರನೆಯದು ಮೆಡಿಟರೇನಿಯನ್ ಕಡೆಯ ಪೈನಸ್ ಪಿನಿಯಾ. ನಿಮ್ಮ ಚಳಿಗೆ ಅದನ್ನು ನಂಬಿ ನೆಡುವ ಹಾಗಿಲ್ಲ.

ಕೋಯಾಮಾಕಿಯೇ ಆಗಿದ್ದರೆ ಇಷ್ಟನ್ನು ನೋಡಿ ಹೇಳಿ. ಹಳದಿ ಇರುವುದು ಒಳಗಿನ ಹಳೆಯ ಸೂಜಿಸುತ್ತುಗಳಲ್ಲೋ, ತುದಿಯ ಹೊಸ ಸುತ್ತಿನಲ್ಲೋ? ಕಾಂಡ ಮಣ್ಣಿಗೆ ಸೇರುವಲ್ಲಿ ಅಗಲವಾಗಿ ಬೇರಿನ ಕಡೆ ಚಾಚಿಕೊಂಡಿದೆಯೋ, ಕಂಬದ ಹಾಗೆ ನೇರವಾಗಿ ಇಳಿದುಬಿಟ್ಟಿದೆಯೋ? ಬೇರಿನ ಉಂಡೆಗೆ ಸುತ್ತಿದ ಗೋಣಿ, ಅದರ ಹೊರಗಿನ ತಂತಿ ಬುಟ್ಟಿ ಇನ್ನೂ ಮಣ್ಣಿನೊಳಗಿವೆಯಾ? ಹುಲ್ಲಿಗೆ ಏನೇನು ಹಾಕುತ್ತೀರಿ? ಒಂದು ಬಿಳಿ ಹಾಳೆ ಹಿಡಿದು ಕೊಂಬೆಯನ್ನು ಅದರ ಮೇಲೆ ತಟ್ಟಿ, ಚುಕ್ಕೆಗಳು ಹರಿದಾಡಿದರೆ ನುಸಿ.

ಕೈತೋಟ_ಎಡಿಸನ್
ಹಳದಿ ಅಂದರೆ ನೈಟ್ರೋಜನ್ ಸಾಲದು. 10-10-10 ಗೊಬ್ಬರ (ನೈಟ್ರೋಜನ್, ರಂಜಕ, ಪೊಟ್ಯಾಷ್ ಸಮಸಮ ಇರುವುದು) ಎರಡು ಹಿಡಿ ಬುಡಕ್ಕೆ ಹಾಕಿ ನೀರು ಬಿಡಿ. ಇಷ್ಟಕ್ಕೆಲ್ಲ ಇಷ್ಟು ಪ್ರಶ್ನೆ ಯಾಕೆ?

ಸೂಜಿಮರ
ನೈಟ್ರೋಜನ್ ಕೊರತೆಯಾದರೆ ಮೊದಲು ಹಳದಿಯಾಗುವುದು ಹಳೆಯ ಸೂಜಿ, ಮರ ಅಲ್ಲಿಂದ ಎಳೆದು ಹೊಸತಕ್ಕೆ ಕೊಡುತ್ತದೆ. ಕಬ್ಬಿಣ ಹಾಗೆ ಜಾಗ ಬದಲಿಸುವುದಿಲ್ಲ, ಅದರ ಕೊರತೆ ಹೊಸ ಸೂಜಿಯಲ್ಲೇ ಕಾಣುತ್ತದೆ. ಅದಕ್ಕೇ ಆ ಪ್ರಶ್ನೆ. ಬೇರಿಗೆ ಪೆಟ್ಟಾಗಿರುವ ಮರಕ್ಕೆ ಆಗಸ್ಟ್ ಬಿಸಿಲಿನಲ್ಲಿ 10-10-10 ಹಾಕಿದರೆ ಉಪ್ಪಿನಂಶ ಏರಿ ಉಳಿದ ಬೇರೂ ಸುಡುತ್ತದೆ. ಗೋಡೆಯ ಪಕ್ಕದ ಗಿಡವಾದ್ದರಿಂದ ಇನ್ನೂ ಎರಡು ಕೆಲಸ ಇವೆ, ಹಿತ್ತಲಮನೆಯವರೇ.

ನೀರಿಳಿಯುವ ಪರೀಕ್ಷೆ: ಮರದಿಂದ 3 ಅಡಿ ದೂರದಲ್ಲಿ 1 ಅಡಿ ಆಳ, 1 ಅಡಿ ಅಗಲದ ಗುಂಡಿ ತೋಡಿ ನೀರು ತುಂಬಿ. ಅದು ಪೂರ್ತಿ ಇಂಗಿದ ಮೇಲೆ ಮತ್ತೆ ತುಂಬಿ ಗಂಟೆಗೆ ಎಷ್ಟು ಇಂಚು ಇಳಿಯುತ್ತದೆ ಅಳೆಯಿರಿ. ಲೆಕ್ಕಕ್ಕೆ ಬರುವುದು ಎರಡನೆಯ ಸಲದ್ದು ಮಾತ್ರ.

ಪಿಎಚ್ (ಮಣ್ಣಿನ ಹುಳಿಯ ಅಳತೆ, 7ಕ್ಕಿಂತ ಕಡಿಮೆಯಾದರೆ ಹುಳಿ, ಹೆಚ್ಚಾದರೆ ಕ್ಷಾರ): ಕಡ್ಡಿ ಚುಚ್ಚುವ ಅಗ್ಗದ ಮೀಟರ್ ಬೇಡ. ಬುಡದ ಸುತ್ತ ಐದಾರು ಕಡೆ 6 ಇಂಚು ಆಳದವರೆಗಿನ ಮಣ್ಣು ತೆಗೆದು ಬೆರೆಸಿ ರಟ್ಗರ್ಸ್ ವಿಶ್ವವಿದ್ಯಾಲಯದ ಮಣ್ಣು ಪರೀಕ್ಷಾಲಯಕ್ಕೆ ಕಳಿಸಿ. ಹಿತ್ತಲಿನದ್ದನ್ನೂ ಬೇರೆ ಚೀಲದಲ್ಲಿ ಕಳಿಸಿದರೆ ಒಳ್ಳೆಯದು.

ಹಿತ್ತಲಮನೆ
ವರದಿ ಬಂತು. ಗೋಡೆಯ ಹತ್ತಿರ ಪಿಎಚ್ 7.4, ಹಿತ್ತಲಿನ ಪೂರ್ವ ಭಾಗದಲ್ಲಿ 6.2. ಗುಂಡಿಯಲ್ಲಿ ನೀರು ಗಂಟೆಗೆ ಮುಕ್ಕಾಲು ಇಂಚು ಇಳಿಯಿತು, ಹಿತ್ತಲಲ್ಲಿ 2 ಇಂಚು. ಹಳದಿ ಇರುವುದು ತುದಿಯ ಹೊಸ ಸುತ್ತುಗಳಲ್ಲಿ, ಒಳಗಿನವು ಹಸಿರಾಗಿಯೇ ಇವೆ. ಕಾಂಡ ಕಂಬದ ಹಾಗೆ ಇಳಿದಿದೆ, ಕೈಯಿಂದ ಕೆದಕಿದರೆ 4 ಇಂಚು ಕೆಳಗೆ ಮೊದಲ ದಪ್ಪ ಬೇರು ಸಿಕ್ಕಿತು. ಅದರ ಮೇಲೆ ಮಲ್ಚ್ (ಮಣ್ಣಿಗೆ ಹೊದಿಸುವ ತೊಗಟೆ ಚೂರು) ಬೇರೆ ಗುಡ್ಡೆ ಹಾಕಿದ್ದಾರೆ. ಗೋಣಿ, ತಂತಿ ಎರಡೂ ಇವೆ. ನುಸಿ ಇಲ್ಲ. ಹುಲ್ಲಿನ ಕಂಪನಿಯವರು ವಸಂತದಲ್ಲಿ ಕಳೆನಾಶಕ ಬೆರೆಸಿದ ಗೊಬ್ಬರ, ಶರತ್ಕಾಲದಲ್ಲಿ ಸುಣ್ಣದ ಹರಳು ಹಾಕುತ್ತಾರೆ.

ಬೇರುಬುಡ
ಈಗ ಚಿತ್ರ ಸ್ಪಷ್ಟವಾಯಿತು. ಇದು ಹಸಿವಲ್ಲ, ಮಣ್ಣಿನಲ್ಲಿ ಕಬ್ಬಿಣ ಇದ್ದರೂ ಮರಕ್ಕೆ ಸಿಗುತ್ತಿಲ್ಲ. ಕೋಯಾಮಾಕಿಗೆ ಹುಳಿ ಮಣ್ಣು ಬೇಕು, 5.5ರಿಂದ 6.5 ಪಿಎಚ್ ಚೆನ್ನ. 7 ದಾಟಿದರೆ ಕಬ್ಬಿಣ ಕರಗದ ರೂಪಕ್ಕೆ ಹೋಗಿಬಿಡುತ್ತದೆ. ನ್ಯೂಜೆರ್ಸಿಯ ಮಣ್ಣು ಸಾಮಾನ್ಯವಾಗಿ ಹುಳಿಯದೇ, ನಿಮ್ಮ ಹಿತ್ತಲೇ ಸಾಕ್ಷಿ. ಮುಂಭಾಗವನ್ನು ಕೆಡಿಸಿರುವುದು ಅಡಿಪಾಯದ ಗಾರೆ, ಕಾಂಕ್ರೀಟಿನ ಚೂರು, ಮೇಲಿಂದ ವರ್ಷವರ್ಷವೂ ಬೀಳುವ ಸುಣ್ಣ.

ಅದರ ಜೊತೆ ಬೇರು ಉಸಿರುಗಟ್ಟಿದೆ. ಗಂಟೆಗೆ 1 ಇಂಚಿಗಿಂತ ಕಡಿಮೆ ಇಳಿಯುವ ಜೇಡಿಯಲ್ಲಿ, 4 ಇಂಚು ಹೆಚ್ಚು ಆಳಕ್ಕೆ ಹೂತು, ದಿನಾ ಹತ್ತು ನಿಮಿಷ ನೀರು. ಮೇಲಿನ ಎರಡಿಂಚು ಸದಾ ಒದ್ದೆ, ಉಂಡೆಯ ನಡುವೆ ಏನಿದೆ ಗೊತ್ತಿಲ್ಲ. ಎಷ್ಟೋ ಸಲ ಉಂಡೆಯೊಳಗಿನ ಮಣ್ಣು ಬೇರೆ ಜಾತಿಯದಾಗಿದ್ದು ಹೊರಗೆ ಕೆಸರಾಗಿದ್ದರೂ ಒಳಗೆ ಒಣಗಿರುತ್ತದೆ. ಪಶ್ಚಿಮದ ಇಟ್ಟಿಗೆ ಗೋಡೆ ಸಂಜೆಯವರೆಗೆ ಬಿಸಿ ಉಗುಳುತ್ತದೆ, ಈ ಮರಕ್ಕೆ ಮಧ್ಯಾಹ್ನದ ಮೇಲೆ ನೆರಳಿದ್ದರೆ ಹಿತ. ಇದು ಹೊನ್ಶು, ಶಿಕೋಕು, ಕ್ಯುಶು ದ್ವೀಪಗಳ ತಂಪು, ತೇವದ ಬೆಟ್ಟಕಾಡಿನ ಮರ ಅನ್ನುವುದನ್ನು ಮರೆಯಬಾರದು.

ಬೆಳವಣಿಗೆಯ ಬಗ್ಗೆ ಅಷ್ಟು ಹೆದರಬೇಡಿ. ನೆಲೆಯೂರಿದ ಮರವೇ ವರ್ಷಕ್ಕೆ 6 ಇಂಚು ಬೆಳೆದರೆ ಹೆಚ್ಚು. ನೆಟ್ಟ ಮೊದಲ ಎರಡು ಮೂರು ವರ್ಷ 2 ಇಂಚು ಮಾಮೂಲು. ಆದರೆ ಸೂಜಿ ಉದುರಿ ಬರಿದಾದ ಕೊಂಬೆಯ ಮೇಲೆ ಅದೇ ಜಾಗದಲ್ಲಿ ಮತ್ತೆ ಸುತ್ತು ಹುಟ್ಟುವುದಿಲ್ಲ, ಆದ್ದರಿಂದ ಹಳದಿಯನ್ನು ಕಂದಾಗುವವರೆಗೆ ಬಿಡಬಾರದು.

ಈ ವಾರ ಮಾಡಬೇಕಾದ್ದು:
1. ಮಲ್ಚ್ ಗುಡ್ಡೆ ತೆಗೆಯಿರಿ. ದಪ್ಪ ಬೇರು ಕಾಣುವವರೆಗೆ ಕೈಯಿಂದ, ಚಿಕ್ಕ ಕರಣೆಯಿಂದ ಮಣ್ಣು ಸರಿಸಿ. ಕಾಂಡಕ್ಕೆ ಸುತ್ತಿಕೊಂಡ ಸಣ್ಣ ಬೇರು ಇದ್ದರೆ ಕತ್ತರಿಸಿ. ಕಾಂಡಕ್ಕೆ ಕಟ್ಟಿದ ಹುರಿ ಇದ್ದರೆ ಅದನ್ನಂತೂ ಇವತ್ತೇ ತೆಗೆಯಿರಿ.
2. ಸ್ಪ್ರಿಂಕ್ಲರಿನ ಆ ತಲೆ ಮುಚ್ಚಿ. 3 ಇಂಚು ಆಳದಲ್ಲಿ, ಉಂಡೆಯ ಒಳಗೇ, ಬೆರಳಿಟ್ಟು ನೋಡಿ, ತೇವ ಕಡಿಮೆಯಾಗಿದ್ದರೆ 5 ಗ್ಯಾಲನ್ ನಿಧಾನವಾಗಿ ಇಳಿಸಿ. ಮಳೆಯಿಲ್ಲದ ವಾರದಲ್ಲಿ ಎರಡು ಸಲ.
3. ಕಬ್ಬಿಣದ ಕೀಲೇಟ್ (ಕಬ್ಬಿಣ ಕರಗಿದ ರೂಪದಲ್ಲೇ ಉಳಿಯುವಂತೆ ಹಿಡಿದಿಡುವ ಗೊಬ್ಬರ) ಮಣ್ಣಿಗೆ ಕೊಡಿ, ಡಬ್ಬಿಯ ಮೇಲೆ ಇಡಿಡಿಎಚ್‌ಎ ಅಂತ ಇರಬೇಕು. ಇಡಿಟಿಎ ರೂಪದ್ದು ನಿಮ್ಮ ಪಿಎಚ್‌ನಲ್ಲಿ ಕೆಲಸ ಮಾಡುವುದಿಲ್ಲ, ಅಂಗಡಿಯಲ್ಲಿ ಮೊದಲು ಕೈಗೆ ಸಿಗುವುದು ಅದೇ. ಪ್ರಮಾಣ ಲೇಬಲ್‌ನಲ್ಲಿದ್ದಷ್ಟೇ. ಕಾಂಕ್ರೀಟಿಗೆ ಚೆಲ್ಲಿದರೆ ಕೆಂಪು ಕಲೆ ಹೋಗುವುದಿಲ್ಲ.
4. ಬುಡದ ಸುತ್ತ 6 ಅಡಿಯೊಳಗೆ ಸುಣ್ಣವೂ ಬೇಡ, ಕಳೆನಾಶಕದ ಗೊಬ್ಬರವೂ ಬೇಡ ಅಂತ ಹುಲ್ಲಿನವರಿಗೆ ಬರೆದು ಕೊಡಿ. ಬಾಯಲ್ಲಿ ಹೇಳಿದ್ದು ಮುಂದಿನ ಸಲ ಬರುವ ಹುಡುಗನಿಗೆ ತಲುಪಿರುವುದಿಲ್ಲ.

ಸೂಜಿಮರ
ಒಪ್ಪಿದೆ. ಪಿಎಚ್ ಇಳಿಸಲು ಗಂಧಕದ ಪುಡಿಯೂ ಸೇರಿಸಬಹುದಲ್ಲ? ಜೇಡಿಗೆ 100 ಚದರಡಿಗೆ 1 ಪೌಂಡ್, ವಸಂತದಲ್ಲೊಮ್ಮೆ, ಶರತ್ಕಾಲದಲ್ಲೊಮ್ಮೆ.

ಬೇರುಬುಡ
ಬೇರೆ ಜಾಗವಾಗಿದ್ದರೆ ಹೌದು. ಗಂಧಕವನ್ನು ಆಮ್ಲವಾಗಿ ಮಾಡುವುದು ಮಣ್ಣಿನ ಬ್ಯಾಕ್ಟೀರಿಯಾ, ಅದಕ್ಕೆ ಬೆಚ್ಚಗಿನ ಮಣ್ಣೂ ತಿಂಗಳುಗಟ್ಟಲೆ ಸಮಯವೂ ಬೇಕು. ಇಲ್ಲಿ ಒಂದು ಕಡೆ ನಾವು ಇಳಿಸುತ್ತಿದ್ದರೆ ಇನ್ನೊಂದು ಕಡೆ ಗಾರೆ ಏರಿಸುತ್ತಿರುತ್ತದೆ. 30 ಅಡಿ ಎತ್ತರಕ್ಕೆ ಹೋಗಬಲ್ಲ ಮರವನ್ನು ಗೋಡೆಯಿಂದ 3 ಅಡಿಯಲ್ಲಿ ಇಟ್ಟುಕೊಂಡು ಎಷ್ಟು ವರ್ಷ ಗಂಧಕ ಸುರಿಯುವುದು? ನನ್ನ ಅಭಿಪ್ರಾಯ, ಹಿತ್ತಲಿಗೆ ಸಾಗಿಸಿ. ನೆಟ್ಟು ಎರಡನೆಯ ಬೇಸಿಗೆ ಅಷ್ಟೆ, ಬೇರು ಇನ್ನೂ ಉಂಡೆಯಿಂದ ದೂರ ಹೋಗಿರುವುದಿಲ್ಲ.

ಮನೆಮದ್ದು ಕೇಳುವವರಿಗೆ ಮೊದಲೇ ಹೇಳಿಬಿಡುತ್ತೇನೆ: ವಿನೆಗರ್ ಎರಡು ದಿನದ ಮಾತು, ಕುಡಿದು ಉಳಿದ ಕಾಫಿ ಚರಟ ಅಷ್ಟೇನೂ ಹುಳಿಯಲ್ಲ. ಅಲ್ಯೂಮಿನಿಯಂ ಸಲ್ಫೇಟ್ ಬೇಗ ಕೆಲಸ ಮಾಡುತ್ತದೆ, ಹೆಚ್ಚಾದರೆ ಬೇರಿಗೆ ವಿಷ.

ಹಿತ್ತಲಮನೆ
ಸೆಪ್ಟೆಂಬರ್‌ನಲ್ಲೇ ಸಾಗಿಸಲಾ?

ಬೇರುಬುಡ
ಬೇಡ. ಸೊರಗಿದ ಮರ, ಬೇರು ಬಿಡುವುದೂ ನಿಧಾನ. ಚಳಿಗಾಲದ ಗಾಳಿ ಸೂಜಿಯಿಂದ ನೀರು ಎಳೆಯುವಾಗ ಹೊಸ ಬೇರು ಇರುವುದಿಲ್ಲ. ಮಾರ್ಚ್ ಕೊನೆಯಲ್ಲಿ, ಮಣ್ಣು ಕರಗಿದ ಮೇಲೆ, ಮೊಗ್ಗು ಒಡೆಯುವ ಮುಂಚೆ ಮಾಡಿ. ಕಾಂಡದ ಒಂದಿಂಚಿಗೆ 12 ಇಂಚಿನ ಲೆಕ್ಕದಲ್ಲಿ ನಿಮಗೆ 18 ಇಂಚು ಅಗಲದ ಉಂಡೆ, 20 ಆದರೆ ಇನ್ನೂ ಒಳ್ಳೆಯದು. ಹಿಂದಿನ ದಿನ ನೀರು ಬಿಟ್ಟಿರಿ. ಎತ್ತುವಾಗ ಕಾಂಡ ಹಿಡಿಯದೆ ಉಂಡೆಯ ಕೆಳಗೆ ತಾರ್ಪಾಲಿನ ತೂರಿಸಿ ಇಬ್ಬರು ಎಳೆಯಿರಿ.

ಹೊಸ ಗುಂಡಿ ಉಂಡೆಯ ಮೂರು ಪಟ್ಟು ಅಗಲ, ಆಳ ಮಾತ್ರ ಉಂಡೆಗಿಂತ 1 ಇಂಚು ಕಡಿಮೆ. ಮೊದಲ ದಪ್ಪ ಬೇರಿನಿಂದ ಅಳೆಯಿರಿ, ಮೇಲಿನ ಹೆಚ್ಚುವರಿ ಮಣ್ಣಿನಿಂದ ಅಲ್ಲ. ಗುಂಡಿಗೆ ಇಳಿಸಿ ನೇರ ನಿಲ್ಲಿಸಿದ ಮೇಲೆ ತಂತಿ ಬುಟ್ಟಿಯ ಮೇಲಿನ ಅರ್ಧ ಕತ್ತರಿಸಿ, ಗೋಣಿ ಕೈಗೆ ಸಿಕ್ಕಷ್ಟೂ ತೆಗೆಯಿರಿ. ತುಂಬಲು ತೆಗೆದ ಮಣ್ಣೇ ಸಾಕು. ಗುಂಡಿಯೊಳಗೆ ಬರೀ ಪೀಟ್ (ಜೌಗಿನಲ್ಲಿ ಕೊಳೆತ ಪಾಚಿಯ ಪುಡಿ) ತುಂಬಿದರೆ ಜೇಡಿಯ ನಡುವೆ ತೊಟ್ಟಿ ಕಟ್ಟಿದ ಹಾಗಾಗುತ್ತದೆ. ಮೇಲೆ ಪೈನ್ ತೊಗಟೆ 3 ಇಂಚು, ಕಾಂಡದಿಂದ 4 ಇಂಚು ಬಿಟ್ಟು. ಆ ವರ್ಷ ಗೊಬ್ಬರವಿಲ್ಲ.

ಲಾಲ್‌ಬಾಗ್_ರಸ್ತೆ
ಬೆಂಗಳೂರಿನಲ್ಲಿ ಇದನ್ನು ಕುಂಡದಲ್ಲಿ ಬೆಳೆಸಬಹುದಾ?

ಸೂಜಿಮರ
ಬೇಡ. ಅದಕ್ಕೆ ಚಳಿಗಾಲದ ನಿದ್ದೆ ಬೇಕು, ನಿಮ್ಮಲ್ಲಿ ಆ ಚಳಿ ಬರುವುದೇ ಇಲ್ಲ. ನಿಧಾನ ಬೆಳೆಯುವ ಕಾನಿಫರ್ (ಶಂಕುಧಾರಿ) ಮರವೇ ಬೇಕೆಂದರೆ ಪಶ್ಚಿಮ ಘಟ್ಟದ್ದೇ ಆದ ನಾಗೇಯಾ ವಾಲಿಚಿಯಾನಾ ಇದೆ, ಸಸಿ ಸಿಕ್ಕರೆ ಬಿಡಬೇಡಿ.

ಹಿತ್ತಲಮನೆ
ಕೊನೆಯದಾಗಿ, ನೆತ್ತಿಯಲ್ಲಿ ಎರಡು ತುದಿ ಸಮಸಮ ಎದ್ದಿವೆ. ಜನವರಿಯಲ್ಲಿ ಮರವಿಡೀ ಕಂಚಿನ ಬಣ್ಣಕ್ಕೂ ತಿರುಗಿತ್ತು, ಅದೂ ಇದೇ ಕಾಯಿಲೆಯಾ?

ಬೇರುಬುಡ
ಕಂಚಿನ ಬಣ್ಣ ಬೇರೆ. ಚಳಿ, ಬಿಸಿಲು, ಗಾಳಿ ಮೂರೂ ಸೇರಿದಾಗ ಬರುತ್ತದೆ, ವಸಂತದಲ್ಲಿ ತಾನೇ ಹಸಿರಾಗುತ್ತದೆ. ಕನೆಕ್ಟಿಕಟ್ ವಿಶ್ವವಿದ್ಯಾಲಯದ ಸಿಡ್ನಿ ವ್ಯಾಕ್ಸ್‌ಮನ್ ಆರಿಸಿದ 'ವಿಂಟರ್‌ಗ್ರೀನ್' ತಳಿಗೆ ಹೆಸರು ಬಂದದ್ದೇ ಚಳಿಯಲ್ಲೂ ಹಸಿರಾಗಿರುವುದರಿಂದ. ನಿಮ್ಮದಕ್ಕೆ ಈ ಚಳಿಗಾಲ ಗಾಳಿ ಬರುವ ಕಡೆ ಮೂರು ಗೂಟ ನೆಟ್ಟು ಗೋಣಿ ಕಟ್ಟಿ, ಮರಕ್ಕೆ ಸುತ್ತಬೇಡಿ. ನೆಲ ಹೆಪ್ಪುಗಟ್ಟುವವರೆಗೆ ನೀರು ಕೊಡುವುದನ್ನು ನಿಲ್ಲಿಸಬೇಡಿ.

ಎರಡು ತುದಿಗಳಲ್ಲಿ ಓರೆಯಾದದ್ದನ್ನು ಸಾಗಿಸುವ ದಿನವೇ ಬುಡದಿಂದ ಕತ್ತರಿಸಿ, ಪೆನ್ಸಿಲ್ ದಪ್ಪ ಇರುವಾಗಲೇ ಆಗಬೇಕು. ಬಿಟ್ಟರೆ ಮುಂದೆ ಹಿಮದ ಭಾರಕ್ಕೆ ಸೀಳುವುದು ಅಲ್ಲೇ. ಬೇರೆ ಯಾವ ಕತ್ತರಿಯೂ ಈ ಮರಕ್ಕೆ ಬೇಡ. ಗುಣವಾಗಿದೆಯೋ ಇಲ್ಲವೋ ಅಂತ ಈಗಿನ ಹಳದಿ ಸೂಜಿ ನೋಡಿ ಹೇಳಲಾಗದು, ಬರುವ ಜೂನ್‌ನಲ್ಲಿ ಬಿಡುವ ಹೊಸ ಸುತ್ತಿನ ಬಣ್ಣ ನೋಡಿ ಇಲ್ಲಿ ಬರೆಯಿರಿ.