ರೆಶಾದ್ ಮೀನು ಓವನ್ನಿನಲ್ಲಿ: ಮೇಲೆ ಕರಕಲು, ಒಳಗೆ ಹಸಿ. ಮಾಡಿ ಗೊತ್ತಿರುವವರು ಹೇಳಿ

ಬೆಂಗಳೂರಿನಿಂದ, ಕೇಳಿದ್ದು

ಗೋವಾದಲ್ಲಿ ತಿಂದ ರೆಶಾದ್ ಪಾಂಫ್ರೆಟ್, ಅಂದರೆ ಹುಳಿ ಖಾರದ ಕೆಂಪು ಮಸಾಲೆ ತುಂಬಿದ ಮೀನು, ಅದರ ರುಚಿ ಇನ್ನೂ ಬಾಯಲ್ಲೇ ಇದೆ. ಅಲ್ಲಿ ಕಾವಲಿಯಲ್ಲಿ ಹುರಿದು ಕೊಟ್ಟಿದ್ದರು. ಎಂಟು ಜನಕ್ಕೆ ಒಲೆ ಮುಂದೆ ನಿಂತು ಹುರಿಯುವುದು ನನ್ನ ಕೈಲಾಗದು, ಅದಕ್ಕೇ ಓಟಿಜಿಯಲ್ಲಿ (ಮನೆಯ ಸಣ್ಣ ಕರೆಂಟ್ ಓವನ್) ಬೇಕ್ ಮಾಡೋಣ ಅಂತ ಭಾನುವಾರ ಬಂಗುಡೆಯಲ್ಲಿ ಪ್ರಯತ್ನಿಸಿದೆ. ಮೇಲಿನ ಮಸಾಲೆ ಕಪ್ಪಾಯಿತು, ಒಳಗಿನದು ಹಸಿ ಹಸಿ ವಾಸನೆ, ಟ್ರೇ ತುಂಬ ನೀರು. ರಾತ್ರಿಯೇ ಮಸಾಲೆ ತುಂಬಿ ಫ್ರಿಜ್ಜಿನಲ್ಲಿಟ್ಟಿದ್ದೆ, ಆದರೂ ಹೀಗಾಯಿತು. ಮುಂದಿನ ವಾರ ಮೈದುನನ ಹುಟ್ಟುಹಬ್ಬ, ಮಾನ ಉಳಿಸಿ!

ಕಾರವಾರದಿಂದ

"ಆದರೂ" ಅಲ್ಲ ಮಾರಾಯ್ರೆ, ರಾತ್ರಿ ತುಂಬಿಟ್ಟಿದ್ದಕ್ಕೇ ಹಾಗಾಗಿದ್ದು. ಆ ಮಸಾಲೆಯಲ್ಲಿ ವಿನೆಗರ್ ಇದೆ, ಹುಣಸೆ ಇದೆ, ಉಪ್ಪಿದೆ. ರಾತ್ರಿಯಿಡೀ ಇಟ್ಟರೆ ಹುಳಿಗೆ ಮೀನು ಬಿರುಸಾಗುತ್ತದೆ, ಉಪ್ಪಿಗೆ ನೀರು ಬಿಡುತ್ತದೆ. ಅರ್ಧ ಗಂಟೆ ಸಾಕೇ ಸಾಕು.

ನಮ್ಮ ಮನೆಯ ಅಳತೆ ಹೇಳುತ್ತೇನೆ. ಒಂದು ಕೆಜಿ ಬಂಗುಡೆಗೆ ಬ್ಯಾಡಗಿ ಮೆಣಸು 15, ಬೆಳ್ಳುಳ್ಳಿ 10 ಎಸಳು, ಒಂದಿಂಚು ಶುಂಠಿ, ಒಂದು ಚಮಚ ಜೀರಿಗೆ, ಕಾಳುಮೆಣಸು ಹತ್ತು, ಲವಂಗ ನಾಲ್ಕು, ಸಣ್ಣ ತುಂಡು ಚಕ್ಕೆ, ಅರ್ಧ ಚಮಚ ಅರಿಶಿನ, ನೆಲ್ಲಿಕಾಯಿ ಗಾತ್ರದ ಹುಣಸೆ, ಒಂದು ಚಮಚ ಸಕ್ಕರೆ, ಉಪ್ಪು. ಕಾಲು ಕಪ್ ವಿನೆಗರ್‌ನಲ್ಲಿ ಮೆಣಸನ್ನು ನೆನೆಸಿ ಅದರಲ್ಲೇ ಎಲ್ಲವನ್ನೂ ರುಬ್ಬಿ. ಒಂದು ಹನಿ ನೀರೂ ಬೇಡ. ತೆಂಗಿನ ಹೆಂಡದ ವಿನೆಗರ್ ಸಿಕ್ಕರೆ ಅದೇ ಹಾಕಿ, ಬಿಳಿ ವಿನೆಗರ್ ಆದರೆ ಸ್ವಲ್ಪ ಕಮ್ಮಿ ಮಾಡಿ, ಅದರ ಹುಳಿ ಸುಮ್ನೆ ಚುಚ್ಚುತ್ತದೆ.

ಇಷ್ಟೂ ಕಾವಲಿಗೆ ಸರಿ. ಓವನ್ನಿಗೆ ಇನ್ನೊಂದು ಕೆಲಸವಿದೆ, ಹೆಚ್ಚಿನವರು ತಪ್ಪುವುದು ಇಲ್ಲೇ. ಮೀನಿನ ಹೊಟ್ಟೆಯೊಳಗೆ ಕೂತ ಮಸಾಲೆಗೆ ಎಣ್ಣೆಯ ಬಿಸಿ ತಾಗುವುದಿಲ್ಲ, ಮೀನು ಬೆಂದರೂ ಅದು ಹಸಿಯಾಗೇ ಉಳಿಯುತ್ತದೆ. ಆದ್ದರಿಂದ ಮೊದಲೇ ಎರಡು ಚಮಚ ಎಣ್ಣೆಯಲ್ಲಿ, ಸಣ್ಣ ಉರಿಯಲ್ಲಿ, ಎಣ್ಣೆ ಬಿಡುವವರೆಗೆ ಬಾಡಿಸಿ. ಪೂರ್ತಿ ತಣಿದ ಮೇಲೆ ತುಂಬಿ. ಮೀನನ್ನು ಬೆನ್ನಿನ ಕಡೆಯಿಂದ ಮುಳ್ಳಿನ ಎರಡೂ ಪಕ್ಕ ಸೀಳಬೇಕು, ಬಟ್ಟೆಯಲ್ಲಿ ಒತ್ತಿ ಒರೆಸಬೇಕು. ಓವನ್ 200 ಡಿಗ್ರಿಗೆ ಚೆನ್ನಾಗಿ ಕಾದಿರಲಿ. ಇನ್ನೂರು ಗ್ರಾಮಿನ ಬಂಗುಡೆಗೆ 18ರಿಂದ 20 ನಿಮಿಷ. ಟ್ರೇ ಮೇಲೆ ಜಾಲರಿ ಇಟ್ಟು ಅದರ ಮೇಲೆ ಮೀನು ಇಡಿ, ನೀರು ಕೆಳಗೆ ಹೋಗಲಿ.

ಮಂಗಳೂರಿನಿಂದ

ಮೇಲಿನವರು ಹೇಳಿದ್ದು ಸರಿ, ಹೊರಗಡೆ ಮಸಾಲೆ ಬಳಿಯಬೇಡಿ ಅಂತ ಸೇರಿಸುತ್ತೇನೆ. ಸಕ್ಕರೆ ಇರುವ ಮಸಾಲೆ, ಬೇಗ ಕರಕಾಗುತ್ತದೆ. ಹೊರಗೆ ಬರೀ ಎಣ್ಣೆ, ಅರಿಶಿನ, ಉಪ್ಪು. ಕೊನೆಯ ಮೂರು ನಿಮಿಷ ಇರುವಾಗ ತೆಳ್ಳಗೆ ಮಸಾಲೆ ಸವರಿ ಓವನ್ನಿನ ಮೇಲಿನ ಹೀಟಿಂಗ್ ರಾಡ್ ಮಾತ್ರ ಹಾಕಿ.

ನಮ್ಮ ಕ್ರಿಶ್ಚಿಯನ್ ಮನೆಗಳಲ್ಲಿ ಮೀಟ್ ಮಿರ್ಸಾಂಗ್ ಅಂತ ಮಾಡಿಡುತ್ತೇವೆ, ಉಪ್ಪು ಮೆಣಸಿನ ಖಾರ, ಇದಕ್ಕೆ ಅಕ್ಕನೋ ತಂಗಿಯೋ ಆಗಬೇಕು. ಬಾಟಲಿಯಲ್ಲಿ ಅದಿದ್ದರೆ ನಾನಂತೂ ಹೊಸದಾಗಿ ರುಬ್ಬಲು ಹೋಗುವುದಿಲ್ಲ. ಮತ್ತೆ ಫಾಯಿಲ್ ಸುತ್ತಬೇಡಿ, ಅಲ್ಯೂಮಿನಿಯಂಗೂ ಹುಳಿಗೂ ಆಗಿಬರುವುದಿಲ್ಲ. ಬಾಳೆಲೆ ಬಾಡಿಸಿ ಹಾಸಿ. ಜೂನ್, ಜುಲೈನಲ್ಲಿ ಯಾಂತ್ರಿಕ ಬೋಟುಗಳಿಗೆ ರಜೆ, ಆಗ ಸಿಗುವುದು ಜಾಸ್ತಿ ಐಸಿನ ಮೀನು. ಅದನ್ನು ಎರಡೆರಡು ಸಲ ಒರೆಸಿ.

ಲಿಸ್ಬನ್‌ನಿಂದ

ನಾನು ಶಿರಸಿಯವನು, ಮೀನು ತಿನ್ನಲು ಕಲಿತಿದ್ದೇ ಇಲ್ಲಿಗೆ ಬಂದ ಮೇಲೆ (ಅಮ್ಮನಿಗೆ ಹೇಳಬೇಡಿ). ಇಲ್ಲಿ 'ರೆಶ್ಯಾದು' ಅಂದರೆ ಬರೀ 'ತುಂಬಿದ್ದು' ಅಂತ ಅರ್ಥ, ಆ ಕೆಂಪು ಮಸಾಲೆ ಯಾರಿಗೂ ಗೊತ್ತಿಲ್ಲ. ಪೋರ್ಚುಗೀಸರು 1510ರಿಂದ 1961ರವರೆಗೆ ಗೋವಾದಲ್ಲಿದ್ದರಲ್ಲ, ಮೆಣಸು ತಂದರು, ವಿನೆಗರ್ ಬೆಳ್ಳುಳ್ಳಿಯ ಅಭ್ಯಾಸ ತಂದರು. ಅದಕ್ಕೆ ಹುಣಸೆ, ಜೀರಿಗೆ, ಅರಿಶಿನ ಸೇರಿಸಿದ್ದು ನಮ್ಮ ಕರಾವಳಿ ಕಡೆಯವರು.

ಆದರೆ ಮೀನನ್ನು ಓವನ್ನಿನಲ್ಲಿ ಸುಡುವುದು ಇಲ್ಲಿ ಮನೆಮನೆಯ ಅಡುಗೆ. ಆಲೂಗಡ್ಡೆ, ಈರುಳ್ಳಿ ಬಿಲ್ಲೆಗಳನ್ನು ಹಾಸಿ, ಆಲಿವ್ ಎಣ್ಣೆ ಸುರಿದು, ಮೇಲೆ ಇಡೀ ಮೀನು ಇಡುತ್ತಾರೆ. ನಾನು ಅದೇ ಹಾಸಿನ ಮೇಲೆ ರೆಶಾದ್ ತುಂಬಿದ ಮೀನು ಇಡುತ್ತೇನೆ. ಕೆಳಗಿಳಿದ ನೀರು, ಮಸಾಲೆ ಎಲ್ಲ ಆಲೂಗಡ್ಡೆಗೆ ಹೋಗುತ್ತದೆ. ಕಾರವಾರದವರ ಜಾಲರಿ ಬೇಡವೇ ಬೇಡ. ಆಲೂಗಡ್ಡೆ ಮಾತ್ರ ಮುಕ್ಕಾಲು ಬೇಯಿಸಿಕೊಂಡೇ ಹಾಸಿ, ಮೀನು ಅದಕ್ಕಾಗಿ ಕಾಯುವುದಿಲ್ಲ. ಪಾಂಫ್ರೆಟ್ ಮುನ್ನೂರು ಗ್ರಾಮ್ ಮೇಲಿದ್ದರೆ 25 ನಿಮಿಷದವರೆಗೂ ಬೇಕಾಗಬಹುದು. ಮುಳ್ಳಿನ ಹತ್ತಿರ ಚಾಕು ಆಡಿಸಿ ನೋಡಿ, ಮಾಂಸ ಬಿಟ್ಟುಕೊಂಡರೆ ಆಯಿತು.

ಕಾರವಾರದಿಂದ, ಮತ್ತೆ

ಆಲೂಗಡ್ಡೆ ಮೇಲೆ ರೆಶಾದ್! ನಮ್ಮತ್ತೆ ಇದನ್ನು ಓದದಿದ್ದರೆ ಸಾಕು. ಆದರೆ ಮಾಡಿ ನೋಡುತ್ತೇನೆ.

ಬೆಂಗಳೂರಿನಿಂದ, ಮಾಡಿ ಮುಗಿಸಿದ ಮೇಲೆ

ಎಲ್ಲರಿಗೂ ಥ್ಯಾಂಕ್ಸ್. ಮಸಾಲೆ ಬಾಡಿಸಿದ್ದರಿಂದ ಹಸಿ ವಾಸನೆ ಸ್ವಲ್ಪವೂ ಇರಲಿಲ್ಲ. ಆಲೂಗಡ್ಡೆ ಹಾಸಿದೆ, ಅದರ ಮೇಲೆ ಬಾಳೆಲೆಯನ್ನೂ ಇಟ್ಟುಬಿಟ್ಟೆ, ಅದು ದಡ್ಡತನ. ರಸ ಎಲೆಯಲ್ಲೇ ನಿಂತಿತು, ಆಲೂಗಡ್ಡೆ ಸಪ್ಪೆ. ಎರಡನೇ ಟ್ರೇಗೆ ಎಲೆ ತೆಗೆದೆ. ಮೀನಿಗಿಂತ ಮೊದಲು ಆಲೂಗಡ್ಡೆ ಖಾಲಿಯಾಯಿತು, ಮೈದುನ ಟ್ರೇಯ ಮೂಲೆಯಲ್ಲಿ ಅಂಟಿದ್ದನ್ನೂ ಪಾವ್‌ನಿಂದ ಒರೆಸಿ ತಿಂದ. ಅರ್ಧ ಬಾಟಲಿ ಮಸಾಲೆ ಉಳಿದಿದೆ. ಸಿಗಡಿಗೆ ಹಾಕಿದರೆ ಎಷ್ಟು ನಿಮಿಷ?